ಕರೆಂಟು ಹೋದ ನಾಲ್ಕನೆಯ ದಿನ

ಬಿರುಗಾಳಿ ನಮ್ಮ ಚಾವಣಿಯ ಅರ್ಧ ತಗಡನ್ನು
ಟ್ರೆಪಾನಿಯೆ ಮನೆಯವರ ಅಂಗಳಕ್ಕೆ ಕೊಟ್ಟು
ಅವರ ಕೋಳಿಗೂಡನ್ನು ನಮಗೆ ತಂದಿತ್ತು.
ಲೆಕ್ಕ ಚುಕ್ತಾ, ಅಂದ ಅಣ್ಣ ವಿಲ್ಫ್ರೆ.
ನಗಲಿಲ್ಲ ಯಾರೂ.

ಐಸ್ ಲಾರಿ ಇನ್ನೂ ಹೂಮಾ ದಾಟಿಲ್ಲವಂತೆ.
ಬಾಯೂ ಅಂದರೆ ನಮ್ಮಲ್ಲಿ
ಹರಿಯಲು ಮೈಗಳ್ಳತನ ಮಾಡುವ ನೀರು;
ಈಗದು ಅಡುಗೆಮನೆಯ ಮೆಟ್ಟಿಲ ಮೇಲೆ,
ಏಳಲು ಮನಸ್ಸಿಲ್ಲದ ನೆಂಟನಂತೆ ಕೂತಿತ್ತು.

ಬೀದಿಯ ಫ್ರೀಜರುಗಳೆಲ್ಲ ಬೆವರತೊಡಗಿದವು.
ಒಬ್ಬೊಬ್ಬರೇ ಹೊತ್ತು ತಂದರು:
ಹೋದ ಚಳಿಗಾಲದ ಬಾತುಕೋಳಿ, ಜಿಂಕೆಮಾಂಸದ ಸಾಸೇಜು,
ಹೆಸರು ಮರೆತ ಮೀನು,
ಮಗಳ ಮದುವೆಗೆಂದು ಕೂಡಿಟ್ಟ ನಲವತ್ತು ಪೌಂಡು ಸಿಗಡಿ.
"ಮದುವೆ ಮುಂದಕ್ಕೆ ಹೋಯಿತು,
ಸಿಗಡಿ ಮುಂದಕ್ಕೆ ಹೋಗುವುದಿಲ್ಲ"
ಎಂದು ಕ್ಲೆಬೇರ್ ಅಷ್ಟನ್ನೂ ಕೊಪ್ಪರಿಗೆಗೆ ಸುರಿದ.

ನಮ್ಮ ಫ್ರೀಜರಿನ ತಳದಲ್ಲಿ ಒಂದು ಡಬ್ಬಿ.
ಐಸ್‌ಕ್ರೀಮಿನ ಹಳೆ ಡಬ್ಬಿ, ಮುಚ್ಚಳಕ್ಕೆ ಬಿಳಿ ಟೇಪು,
ಟೇಪಿನ ಮೇಲೆ ಅಮ್ಮನ ಓರೆ ಅಕ್ಷರ:
ಗಂಬೋ. ಕೋಳಿ. ಮಾರ್ಚ್ ಒಂಬತ್ತು.
ಅಮ್ಮ ಹೋದದ್ದು ಹದಿನಾಲ್ಕಕ್ಕೆ.
ಮೂರು ವರ್ಷ ಅದರ ಮೇಲೆ ಬಟಾಣಿ ಚೀಲ ಇಟ್ಟೆವು, ತೆಗೆದೆವು,
ಡಬ್ಬಿಯನ್ನು ಮಾತ್ರ ಮುಟ್ಟಲಿಲ್ಲ.

ಬದಿಯಲ್ಲಿ ಬೆರಳೊತ್ತಿದೆ. ತಣ್ಣಗಿತ್ತು ಇನ್ನೂ. ಆದರೆ ಮೆತ್ತಗೆ,
ಎಳೆಗೂಸಿನ ನೆತ್ತಿಯ ಹಾಗೆ.

ಸುರಿದುಬಿಡು, ನಾನು ನೋಡಲಾರೆ, ಅಂದ ವಿಲ್ಫ್ರೆ.
ಬೇಲಿಯಾಚೆ ಮಿಸ್ ಅರ್ತೆಮೀಸಳ ಕಿವಿಗೆ ಬಿತ್ತು.
ಅಮ್ಮನ ಜೊತೆ ಮೂವತ್ತು ವರ್ಷ ಟೊಮೆಟೊ ಜಗಳ ಆಡಿದವಳು.
ಅವಳದು ನ್ಯೂ ಆರ್ಲಿಯನ್ಸಿನ ಕ್ರಿಯೋಲ್ ಕೈ:
ಟೊಮೆಟೊ ಬೇಕು, ಏಡಿ ಬೇಕು, ಬೆಂಡೆ ಬೇಕೇ ಬೇಕು.
ಅಮ್ಮ ಕೇಜನ್. ಟೊಮೆಟೊ ಬಿದ್ದರೆ ಅದು ಗಂಬೋ ಅಲ್ಲ, ಪಾಪ;
ಪಾದ್ರಿಯ ಮುಂದೆ ಒಪ್ಪಿಕೊಳ್ಳಬೇಕಾದ್ದು.
"ಗಂಬೋ ಅಂದರೇ ಬೆಂಡೆ ಕಣೇ! ನನ್ನ ಮುತ್ತಜ್ಜಿಯ ಮುತ್ತಜ್ಜಿ
ಹಡಗಿನ ತಳದಲ್ಲಿ, ಸರಪಳಿಯ ಜೊತೆ ತಂದ ಮಾತು.
ಬೀಜವನ್ನೂ ತಂದಳೋ, ಬರೀ ಮಾತನ್ನೇ ತಂದಳೋ,
ಎರಡೂ ಮೊಳೆತವು."
ಅಮ್ಮ ಅಲ್ಲಿ ಸೋಲುತ್ತಿದ್ದಳು. ಸೋತು,
ಶಾಲೆಯಲ್ಲಿ ಫ್ರೆಂಚ್ ಆಡಿದ್ದಕ್ಕೆ
ಜೋಳದ ಕಾಳಿನ ಮೇಲೆ ಮೊಣಕಾಲೂರಿಸಿದ್ದನ್ನು ತೆಗೆಯುತ್ತಿದ್ದಳು.
ಆಮೇಲೆ ಚಿಕೋರಿ ಕಾಫಿ, ಸಕ್ಕರೆ ಮೂರು ಚಮಚ,
ಇಬ್ಬರೂ ಸೇರಿ ಎದುರುಮನೆಯವಳ ಅಡುಗೆಯನ್ನು ಆಡಿಕೊಳ್ಳುವುದು.

"ಸುರೀತೀಯಾ? ಓಜೀತಳ ರೂ ಅನ್ನ? ಬಾಯೂಗೆ?"
ಡಬ್ಬಿ ನನ್ನ ಕೈಯಿಂದ ಹೋಗಿತ್ತು.

ರೂ ಅಂದರೆ ಹಿಟ್ಟು, ಎಣ್ಣೆ, ಮುಕ್ಕಾಲು ಗಂಟೆ.
ಫೋನು ಬರಲಿ, ಗಂಡ ಬರಲಿ, ಬಾಗಿಲಿಗೆ ಸಾವೇ ಬರಲಿ,
ಸೌಟು ನಿಲ್ಲಕೂಡದು.
ಆ ಬಣ್ಣಕ್ಕೆ ಅಮ್ಮನ ಬಳಿ ಹೆಸರಿರಲಿಲ್ಲ.
ಗೋಡೆಯ ಮೇಲಿದ್ದ ಅಪ್ಪನ ಪಿಟೀಲು ತೋರಿಸುತ್ತಿದ್ದಳು:
ಅದರ ಬೆನ್ನಿನ ಬಣ್ಣ ಬರಬೇಕು.
ಒಂದು ಕರಿಚುಕ್ಕೆ ಕಂಡಿತೋ, ಅಷ್ಟೂ ಚೆಲ್ಲಿ ಮೊದಲಿಂದ.
ಪಿಟೀಲನ್ನು ಈ ಸಲ ನೀರು ಒಯ್ದಿದೆ.

ಒಲೆಯ ಮೇಲೆ ಅಂಚು ಮೊದಲು ಕರಗಿತು.
ನಡುವಿನ ಗಡ್ಡೆ ಕೊಂಚ ಹೊತ್ತು ಹಟ ಹಿಡಿಯಿತು.
ಆಮೇಲೆ ಘಮ.
ವಿಲ್ಫ್ರೆ ಕಣ್ಣೊರೆಸಿಕೊಂಡು ಹೊಗೆ, ಅಂದ.
ಒಲೆ ಗ್ಯಾಸಿನದು.

ಒಂದು ಡಬ್ಬಿ, ಹನ್ನೊಂದು ಜನ.
ತಲಾ ಮೂರು ಚಮಚ, ಅನ್ನದ ಮೇಲೆ,
ಅದರ ಮೇಲೆ ಚಿಟಿಕೆ ಸಸಫ್ರಾಸ್ ಎಲೆಪುಡಿ.
ಚೊಕ್ಟಾ ಜನ ಕುಟ್ಟಲು ಕಲಿಸಿದ್ದು ಅದು;
ಅವರ ನೆಲದಲ್ಲಿ ನಿಂತು ನಾವು
ಟೊಮೆಟೊಗೆ ಕಚ್ಚಾಡುತ್ತೇವೆ, ಅನ್ನುತ್ತಿದ್ದಳು ಅಮ್ಮ.

ಕ್ಲೆಬೇರ್ ಟೋಪಿ ತೆಗೆದು ತಿಂದ.
ಟ್ರೆಪಾನಿಯೆ ಹುಡುಗ ತಟ್ಟೆ ನೆಕ್ಕಿ ಇನ್ನಷ್ಟು ಕೇಳಿದ,
ಅವನ ಅಜ್ಜಿ ಚಿವುಟಿದಳು.
ಅರ್ತೆಮೀಸ್ ಮೂರನೆಯ ಚಮಚವನ್ನು
ಬಾಯಲ್ಲೇ ಬಹಳ ಹೊತ್ತು ಇಟ್ಟುಕೊಂಡಳು.
ನುಂಗಿ ಅಂದಳು:
"ಈಗಲೂ ಹೇಳ್ತೇನೆ, ಟೊಮೆಟೊ ಬೇಕಿತ್ತು."
ಅಂದು, ಅಡುಗೆಮನೆಯ ಬಾಗಿಲ ಕಡೆ ತಿರುಗಿ
ಜವಾಬಿಗೆ ಕಾದಳು.

ಮೆಟ್ಟಿಲ ಮೇಲೆ ನೀರು ಒಂದು ಗೇಣು ಇಳಿದಿತ್ತು.
ನಾನು ಡಬ್ಬಿ ತೊಳೆದೆ.
ಮುಚ್ಚಳ ತೊಳೆಯಲಿಲ್ಲ.